ಭತ್ತದ ಪೈರಿಗೆ ತಗಲುವ ಕಂದು ಜಿಗಿಹುಳು

ಭತ್ತವು ತೆನೆಗಟ್ಟುವ ಕಾಲದಲ್ಲಿ ಪೈರು ಅಲ್ಲಲ್ಲಿ ಚಕ್ರಾಕಾರವಾಗಿ ಹಳದಿ ತಿರುಗಿ, ಕೆಲವೇ ದಿನಗಳಲ್ಲಿ ಬೆಂಕಿ ತಗುಲಿದಂತೆ ಒಣಗಿ ನೆಲಕ್ಕೊರಗುವುದುಂಟು. ಇದನ್ನು ಭೂಮಿಯ ದೋಷವೆಂದು ಬಗೆದು ಕೆಲವರು ಮತ್ತಷ್ಟು ಯೂರಿಯಾ ಎರಚುವರು. ಅದರಿಂದ ಹಾನಿಯು ಹೆಚ್ಚುವುದೇ ಹೊರತು ತಗ್ಗದು. ನಿಜವಾದ ಶತ್ರುವು ಪೈರಿನ ಬುಡದಲ್ಲಿ, ನೀರಿಗೆ ತುಸು ಮೇಲೆ, ಗುಂಪಾಗಿ ಕುಳಿತು ರಸ ಹೀರುವ ಕಂದು ಜಿಗಿಹುಳುವು.

ಸ್ವರೂಪ:— ಬೆಳೆದ ಹುಳುವು ಕಂದು ಬಣ್ಣದ್ದು. ಉದ್ದವು ಸುಮಾರು 3ರಿಂದ 5 ಮಿಲಿಮೀಟರ್. ಇದರಲ್ಲಿ ಎರಡು ಬಗೆಗಳುಂಟು. ಉದ್ದ ರೆಕ್ಕೆಯವು ದೂರ ಹಾರಿಹೋಗಿ ಹೊಸ ಗದ್ದೆಗಳನ್ನು ಸೇರುವುವು. ಗಿಡ್ಡ ರೆಕ್ಕೆಯವು ಹಾರಲಾರದೆ ಅಲ್ಲಿಯೇ ನೆಲೆಸಿ ಸಂತಾನವನ್ನು ಬೆಳೆಸುವುವು. ಗಿಡ್ಡ ರೆಕ್ಕೆಯ ಹೆಣ್ಣುಗಳು ಕಂಡುಬಂದರೆ ಹಾವಳಿಯು ಸಮೀಪಿಸಿತೆಂದು ತಿಳಿಯತಕ್ಕದ್ದು.

ಆಶ್ರಯ ಸಸ್ಯ:— ಇದಕ್ಕೆ ಭತ್ತವೇ ಮುಖ್ಯ ಆಹಾರ. ಕಾಡುಭತ್ತದ ಮೇಲೆಯೂ ಬದುಕಬಲ್ಲುದು. ರಾಗಿ, ಜೋಳ, ಕಬ್ಬುಗಳಲ್ಲಿ ಇದರ ವಂಶವು ಬೆಳೆಯದು. ಆದಕಾರಣ ವರ್ಷವಿಡೀ ಭತ್ತವನ್ನೇ ನಾಟಿ ಮಾಡುವೆಡೆಗಳಲ್ಲಿ ಹುಳುವಿಗೆ ಆಹಾರದ ಕೊರತೆಯೇ ಇಲ್ಲ. ಕುಯ್ಲಿನ ಮೇಲೆ ಚಿಗುರುವ ಕೂಳೆಯೂ ಅದಕ್ಕೆ ಆಶ್ರಯವಾಗುವುದು.

ಜೀವನಕ್ರಮ:— ಹೆಣ್ಣು ಹುಳುವು ಎಲೆಯ ಬುಡದ ಕವಚವನ್ನು ಸೀಳಿ ಅದರೊಳಗೆ ಸಾಲಾಗಿ ಮೊಟ್ಟೆಗಳನ್ನಿಡುವುದು; ಒಂದೊಂದು ಹೆಣ್ಣು 100ರಿಂದ 300ರವರೆಗೆ ಇಡಬಲ್ಲುದು. ಮೊಟ್ಟೆಗಳು ಸುಮಾರು 7ರಿಂದ 9 ದಿನಗಳಲ್ಲಿ ಒಡೆಯುವುವು. ಮರಿಯು ಐದು ಸಲ ಪೊರೆ ಕಳಚಿ, ಸುಮಾರು ಎರಡು ವಾರಗಳಲ್ಲಿ ಪ್ರೌಢಾವಸ್ಥೆಯನ್ನು ಹೊಂದುವುದು. ಹೀಗೆ ಒಂದೇ ಬೆಳೆಯ ಅವಧಿಯಲ್ಲಿ ಮೂರು ತಲೆಮಾರುಗಳು ಕಳೆಯುವುದರಿಂದ, ಮೊದಲು ಕಣ್ಣಿಗೆ ಬೀಳದಿದ್ದ ಹುಳುವು ತೆನೆಯ ಕಾಲಕ್ಕೆ ಅಸಂಖ್ಯಾತವಾಗುವುದು. ಪೈರನ್ನು ಗಿಡ್ಡಾಗಿಸುವ ನಂಜುರೋಗವನ್ನೂ ಇದು ಹರಡುವುದು.

1973-74ರಲ್ಲಿ ಕೇರಳದ ಗದ್ದೆಗಳು ಈ ಹುಳುವಿನಿಂದ ಭಾರಿ ನಷ್ಟಕ್ಕೀಡಾದುವು. ಇಂಡೋನೇಷ್ಯಾದಲ್ಲಿ ಔಷಧಿಯನ್ನು ಹೆಚ್ಚಾಗಿ ಸಿಂಪಡಿಸಿದಷ್ಟೂ ಹುಳುವು ಹೆಚ್ಚುತ್ತ ಬರಲು, 1986ರಲ್ಲಿ ಅಲ್ಲಿಯ ಸರ್ಕಾರವು ಭತ್ತಕ್ಕೆ 57 ಬಗೆಯ ಕೀಟನಾಶಕಗಳ ಬಳಕೆಯನ್ನು ನಿಷೇಧಿಸಿತು. ಇದರ ಕಾರಣವು ಸ್ಪಷ್ಟವಾಗಿದೆ. ಜೇಡಗಳು ಮರಿಗಳನ್ನೂ ಬೆಳೆದ ಹುಳುಗಳನ್ನೂ ಹಿಡಿದು ತಿನ್ನುವುವು. ಹಸಿರು ತಿಗಣೆಯು ಮೊಟ್ಟೆಗಳನ್ನು ಹೀರುವುದು. ಅಕಾಲದ ಸಿಂಪಡಣೆಯಿಂದ ಈ ಮಿತ್ರಜೀವಿಗಳು ಸಾಯುವುವು. ಕವಚದೊಳಗಿನ ಮೊಟ್ಟೆಗಳು ಉಳಿದುಕೊಳ್ಳುವುವು.

ರೈತರು ಮಾಡಬೇಕಾದುದು:— ವಾರಕ್ಕೊಮ್ಮೆ ಗದ್ದೆಗಿಳಿದು, ಪೈರನ್ನು ಬಗ್ಗಿಸಿ ಬುಡವನ್ನು ನೋಡತಕ್ಕದ್ದು. ನಾಟಿಯಲ್ಲಿ ಎರಡು ಮೂರು ಮೀಟರಿಗೊಂದರಂತೆ ಒಂದಡಿ ಅಗಲದ ಓಣಿಯನ್ನು ಬಿಟ್ಟರೆ ಗಾಳಿ ಬೆಳಕುಗಳು ಬುಡದವರೆಗೆ ತಲಪುವುವು. ಯೂರಿಯಾವನ್ನು ಒಮ್ಮೆಗೇ ಹಾಕದೆ ಮಿತವಾಗಿ, ಕಂತುಗಳಲ್ಲಿ ಹಾಕಬೇಕು. ಹುಳು ಕಂಡೊಡನೆ ನೀರನ್ನು ಬಸಿದು ಮೂರು ನಾಲ್ಕು ದಿನ ಗದ್ದೆಯನ್ನು ಆರಬಿಡಬೇಕು. ಬುಡವೊಂದಕ್ಕೆ 10ರಿಂದ 15 ಹುಳುಗಳಾದಾಗ ಮಾತ್ರ, ಕೃಷಿ ಅಧಿಕಾರಿಗಳು ಸೂಚಿಸಿದ ಔಷಧಿಯನ್ನು, ಎಲೆಯ ಮೇಲಲ್ಲದೆ ಬುಡಕ್ಕೆ ತಾಗುವಂತೆ ಸಿಂಪಡಿಸತಕ್ಕದ್ದು. ಪೈರೆಥ್ರಾಯ್ಡ್ ವರ್ಗದ ಔಷಧಿಗಳು ಹುಳುವನ್ನು ಮರಳಿ ಹೆಚ್ಚಿಸುವುದರಿಂದ ಅವನ್ನು ವರ್ಜಿಸಬೇಕು.

ಹುಳುವಿಗೆ ಗದ್ದೆಯ ಬದುವು ಎಲ್ಲೆಯಲ್ಲ. ಒಬ್ಬನು ಎಚ್ಚರದಿಂದಿದ್ದು ನೆರೆಯವನು ಉದಾಸೀನನಾದರೆ ಇಬ್ಬರಿಗೂ ನಷ್ಟವೇ. ಆದುದರಿಂದ ಗ್ರಾಮದ ಮುಖಂಡರೂ ಭೂಮಾಲಿಕರೂ ಒಂದುಗೂಡಿ, ಒಂದೇ ಕಾಲದಲ್ಲಿ ನಾಟಿ ಮಾಡಿಸಿ, ಕುಯ್ಲಾದೊಡನೆ ಕೂಳೆಯನ್ನು ಉಳಿಸದೆ ಉತ್ತುಹಾಕಿಸುವುದು ಇಡೀ ಊರಿಗೆ ಶ್ರೇಯಸ್ಕರವು.