ಮೈಕ್ ಒತ್ತಿ ಕೇಳಿ. ಹಸು ಮೇಲೇಳದಿದ್ದರೆ ಮೊದಲು 1962



ಹಾಲು ಕರೆಯುವ ಹೊತ್ತಿನಲ್ಲಿ ನಿಮ್ಮ ಎರಡು ಕೈಗೂ ಬಿಡುವಿರುವುದಿಲ್ಲ. ಕರೆದು ಮುಗಿಸಿ, ಡೇರಿಗೆ ಹಾಕಿ ಬರುವಷ್ಟರಲ್ಲಿ ಒಲೆ ಕಾಯುತ್ತಿರುತ್ತದೆ, ಮಕ್ಕಳು ಕಾಯುತ್ತಿರುತ್ತಾರೆ. ಫೋನ್ ಕೈಗೆ ಸಿಕ್ಕಿದರೂ ಆ ಪುಟ್ಟ ಗುಂಡಿಗಳನ್ನು ಒತ್ತಿ ಕನ್ನಡ ಬರೆಯಲು ಯಾರಿಗೆ ಪುರುಸೊತ್ತು? ಒತ್ತಕ್ಷರ ಎಲ್ಲಿದೆ ಎಂದು ಹುಡುಕುವಷ್ಟರಲ್ಲಿ ಕೇಳಬೇಕಿದ್ದ ಮಾತೇ ಮರೆತಿರುತ್ತದೆ. ಹಾಗಾಗಿ ಇಷ್ಟು ದಿನ "ಲೋ, ಇದನ್ನ ಸ್ವಲ್ಪ ನೋಡಿ ಹೇಳೋ" ಎಂದು ಮಗನನ್ನೋ, ಪಕ್ಕದ ಮನೆ ಹುಡುಗಿಯನ್ನೋ ಕರೆಯುತ್ತಿದ್ದೆವು.

ಈಗ ಅನೇಕ ಮನೆಗಳಲ್ಲಿ ಆ ಕರೆ ಕಡಿಮೆಯಾಗಿದೆ. ಯೂಟ್ಯೂಬ್ ತೆರೆದು, ಮೈಕಿನ ಗುರುತು ಒತ್ತಿ, "ಕರುಗೆ ಭೇದಿ ಆದ್ರೆ ಏನ್ ಮಾಡ್ಬೇಕು" ಎಂದು ನೀವೇ ಕೇಳುತ್ತೀರಿ. ಅಕ್ಷರ ಅಷ್ಟಾಗಿ ಬಾರದ ಅಜ್ಜಿಯೂ ಕೇಳುತ್ತಾರೆ. ಗೂಗಲ್‌ನಲ್ಲಿ ಕನ್ನಡದ ಮಾತನ್ನು ಅಕ್ಷರ ಮಾಡುವ ಸೌಲಭ್ಯ ಬಂದದ್ದು 2017ರ ಆಗಸ್ಟ್‌ನಲ್ಲಿ. ತೆಲುಗು, ತಮಿಳು, ಉರ್ದುವಿಗೂ ಆಗಲೇ ಬಂತು. ಮುಂದೆ 'ಅಸಿಸ್ಟೆಂಟ್' ಕನ್ನಡದಲ್ಲೇ ಉತ್ತರ ಹೇಳತೊಡಗಿತು. ಈಗಿನ ಜೆಮಿನಿಯಂಥವು ಎದುರಿಗೆ ಕುಳಿತವರ ಹಾಗೆ ಮಾತಿಗೆ ಮಾತು ಜೋಡಿಸುತ್ತವೆ.

ಇದು ಸಣ್ಣ ವಿಷಯವಲ್ಲ. ಹಾಲಿನ ದುಡ್ಡು ನಿಮ್ಮ ಖಾತೆಗೆ ಬಂದರೂ, ಬ್ಯಾಂಕಿನ ಮೆಸೇಜು ಮಗನ ಫೋನಿಗೆ ಹೋಗುವ ಮನೆಗಳು ನಮ್ಮಲ್ಲಿ ಎಷ್ಟಿವೆ ಎಂಬುದು ನಿಮಗೇ ಗೊತ್ತು. ಮಗನ ಹತ್ತಿರ ಕೇಳಲಾಗದ ಪ್ರಶ್ನೆಗಳೂ ಇರುತ್ತವೆ, ನಮ್ಮದೇ ಮೈಯ ತೊಂದರೆಗಳ ಬಗ್ಗೆ. ಯಾರನ್ನೂ ಕಾಡದೆ, ಯಾರಿಂದಲೂ "ನಿನಗ್ಯಾಕಮ್ಮ ಅದೆಲ್ಲ" ಎನ್ನಿಸಿಕೊಳ್ಳದೆ ಕೇಳಬಹುದು ಎಂಬುದೇ ಒಂದು ಧೈರ್ಯ.

ಯಾವುದಕ್ಕೆ ಧಾರಾಳವಾಗಿ ಬಳಸಬಹುದು? ಇಂಗ್ಲಿಷಿನ ಮೆಸೇಜು ಬಂದರೆ ಅದನ್ನು ಕನ್ನಡದಲ್ಲಿ ಓದಿಸಿಕೊಳ್ಳಲು. ಔಷಧಿ ಬಾಟಲಿಯ ಮೇಲೆ ಕ್ಯಾಮೆರಾ ಹಿಡಿದರೆ ಬರಹವನ್ನು ಕನ್ನಡಕ್ಕೆ ತಿರುಗಿಸಿ ತೋರಿಸುವ ಲೆನ್ಸ್ ಇದೆ. ಅವಧಿ ಮುಗಿದಿದೆಯೇ, ಅದು ಹೊಟ್ಟೆಗೆ ಕೊಡುವುದೋ ಮೈಗೆ ಸವರುವುದೋ ಎಂದು ನೋಡಿಕೊಳ್ಳಬಹುದು. ಪಿಎಂ ಕಿಸಾನ್ ಕಂತು ಎಲ್ಲಿಗೆ ಬಂತು ಎಂದು ಬಾಯಲ್ಲೇ ಕೇಳಿ ತಿಳಿಯಲು ಕೇಂದ್ರ ಸರ್ಕಾರ 2023ರಲ್ಲಿ 'ಕಿಸಾನ್ ಇ-ಮಿತ್ರ' ಶುರುಮಾಡಿತು, ಅದು ಕನ್ನಡದಲ್ಲೂ ಇದೆ. ಅಜೋಲಾ ತೊಟ್ಟಿ, ರಸಮೇವು, ಕೊಟ್ಟಿಗೆಯ ನೆಲ ಹೇಗಿರಬೇಕು, ಇಂಥವಕ್ಕೆ ನಾಲ್ಕು ವಿಡಿಯೋ ನೋಡಿ ಹೋಲಿಸಿದರೆ ನಷ್ಟವೇನಿಲ್ಲ. ಆದರೆ "ಇವತ್ತು ನಮ್ಮ ಹಾಲಿಗೆ ರೇಟೆಷ್ಟು" ಎಂದು ಫೋನನ್ನು ಕೇಳಬೇಡಿ. ಅದಕ್ಕೆ ಉತ್ತರ ಸಂಘದ ಚೀಟಿಯಲ್ಲಿದೆ: ನಿಮ್ಮ ಹಾಲಿನ ಫ್ಯಾಟ್ ಎಷ್ಟು, ಎಸ್.ಎನ್.ಎಫ್. ಎಷ್ಟು ಎಂಬುದು ಫೋನಿಗೆ ಹೇಗೆ ತಿಳಿಯಬೇಕು?

ಇನ್ನು ಅದರ ಕಿವಿಯ ವಿಷಯ. ನೀವು ಮಾತಾಡಿದ ಮೇಲೆ ಸಾಮಾನ್ಯವಾಗಿ ಮೂರು ಕೆಲಸ ನಡೆಯುತ್ತವೆ. ಮೊದಲು ನಿಮ್ಮ ದನಿಯನ್ನು ಅಕ್ಷರ ಮಾಡುತ್ತದೆ. ಆಮೇಲೆ ಆ ಅಕ್ಷರಕ್ಕೆ ಉತ್ತರ ಹುಡುಕುತ್ತದೆ ಅಥವಾ ತಾನೇ ಕಟ್ಟುತ್ತದೆ. ಕೊನೆಗೆ ಅದನ್ನು ದನಿಯಲ್ಲಿ ಹೇಳುತ್ತದೆ. ಮೊದಲ ಮೆಟ್ಟಿಲಲ್ಲೇ ಒಂದು ಪದ ತಪ್ಪಿದರೆ ಉಳಿದ ಎರಡೂ ತಪ್ಪು ದಾರಿಯಲ್ಲೇ ಹೋಗುತ್ತವೆ. ಹೇಳುವ ದನಿ ಮಾತ್ರ ಅಷ್ಟೇ ನಯ, ಅಷ್ಟೇ ಖಾತ್ರಿ. ಗೊತ್ತಿಲ್ಲದಿದ್ದಾಗ ಡಾಕ್ಟರು "ನೋಡ್ಬೇಕಮ್ಮ" ಎಂದು ತಡವರಿಸುತ್ತಾರಲ್ಲ, ಆ ತಡವರಿಕೆ ಈ ದನಿಯಲ್ಲಿ ಸಾಮಾನ್ಯವಾಗಿ ಕೇಳಿಬರುವುದಿಲ್ಲ.

ನಮ್ಮ ಕಡೆಯ ಮಾತನ್ನೇ ನೋಡಿ. ಆನೇಕಲ್, ಅತ್ತಿಬೆಲೆ, ಸರ್ಜಾಪುರ, ವರ್ತೂರಿನ ಹಳ್ಳಿಗಳಲ್ಲಿ ಮನೆಯೊಳಗೆ ತೆಲುಗು ಆಡಿ, ಡೇರಿಯಲ್ಲಿ ಕನ್ನಡ ಆಡಿ, ಹಿಂಡಿ ಅಂಗಡಿಯಲ್ಲಿ ತಮಿಳು ಬೆರೆಸುವವರು ಎಷ್ಟೋ ಮಂದಿ. ದೊಡ್ಡತೋಗೂರು, ಕೋನಪ್ಪನ ಅಗ್ರಹಾರದ 332 ಎಕರೆಯಲ್ಲಿ 1978ರಲ್ಲಿ ಎಲೆಕ್ಟ್ರಾನಿಕ್ ಸಿಟಿ ಎದ್ದ ಮೇಲೆ ಹಿಂದಿ, ಇಂಗ್ಲಿಷೂ ಆ ಮಾತಿಗೆ ಸೇರಿಕೊಂಡವು. ನಮಗೆ ಇದೇನೂ ತೊಡಕಲ್ಲ, ಯಂತ್ರಕ್ಕೆ ತೊಡಕು.

ಭಾಷೆ ಹಾಗಿರಲಿ, ಹಸುವಿನ ಮಾತೇ ಬೇರೆ. "ಹಸುಗೆ ಇಂಜೆಕ್ಷನ್ ಹಾಕ್ಸಿ ಇಪ್ಪತ್ತೊಂದು ದಿನ ಆಯ್ತು" ಎಂದರೆ ಸಂಘದಲ್ಲಿರುವ ಯಾರಿಗೂ ಬಿಡಿಸಿ ಹೇಳಬೇಕಿಲ್ಲ. ಕೃತಕ ಗರ್ಭಧಾರಣೆ ಮಾಡಿಸಿದ್ದಾರೆ, ಮತ್ತೆ ಬೆದೆಗೆ ಬಂತೋ ಗಬ್ಬ ನಿಂತಿತೋ ನೋಡುತ್ತಿದ್ದಾರೆ ಎಂದು ತಿಳಿಯುತ್ತದೆ. ಫೋನು ಅದನ್ನು ಯಾವುದೋ ರೋಗಕ್ಕೆ ಕೊಟ್ಟ ಚುಚ್ಚುಮದ್ದು ಎಂದುಕೊಳ್ಳಬಹುದು. "ಹಸು ಹೀಟಿಗೆ ಬಂದಿದೆ" ಎಂದರೆ ಬಿಸಿಲು ತಾಗಿದೆ ಎಂದು ತಿಳಿದು ನೀರು ಚಿಮುಕಿಸಲು ಹೇಳಿದರೂ ಆಶ್ಚರ್ಯವಿಲ್ಲ. ಕರು ಹಾಕಿದ ಮೇಲೆ ಬೀಳಬೇಕಾದ್ದನ್ನು ಒಬ್ಬರು ಮಾಸು ಎನ್ನುತ್ತಾರೆ, ಒಬ್ಬರು ಸತ್ತೆ ಎನ್ನುತ್ತಾರೆ, ಇನ್ನೊಬ್ಬರು ಕಸ ಎನ್ನುತ್ತಾರೆ. "ಕಸ ಬಿದ್ದಿಲ್ಲ" ಎಂಬ ಮಾತನ್ನು ಯಂತ್ರ ಹೇಗೆ ಅರ್ಥ ಮಾಡಿಕೊಂಡೀತು ಎಂದು ನೀವೇ ಊಹಿಸಿ.

ಅದಕ್ಕೇ ಕೇಳುವಾಗ ತುಂಡು ಮಾತು ಬೇಡ. "ಹಸು ಕರು ಹಾಕಿ ಹನ್ನೆರಡು ಗಂಟೆ ಆಗಿದೆ, ಮಾಸು ಇನ್ನೂ ಬಿದ್ದಿಲ್ಲ" ಎಂದು ಪೂರ್ತಿ ಹೇಳಿ. ಮಾತು ಮುಗಿದ ಮೇಲೆ ಪರದೆಯ ಮೇಲೆ ಏನು ಬರೆದುಕೊಂಡಿದೆ ಎಂದು ನೋಡಿ. ಓದಲು ಬಾರದಿದ್ದರೆ "ನಾನು ಕೇಳಿದ್ದೇನು, ಒಮ್ಮೆ ಹೇಳು" ಎಂದು ಕೇಳಿ. ತಪ್ಪಿದ್ದರೆ ಉತ್ತರ ಕೇಳುವ ಗೋಜಿಗೇ ಹೋಗಬೇಡಿ.

ಇದು ಯಂತ್ರದ ದಡ್ಡತನವಲ್ಲ. ಯಾರ ಮಾತು ಕೇಳಿ ಕಲಿತಿದೆಯೋ ಅವರ ಮಾತಷ್ಟೇ ಅದಕ್ಕೆ ಗೊತ್ತು. ಪೀಣ್ಯ ಕಡೆಯಿಂದ ಬಂದು ಯಶವಂತಪುರ ದಾಟಿದರೆ ಸಿಗುವ ಟಾಟಾ ಇನ್‌ಸ್ಟಿಟ್ಯೂಟ್, ಅಂದರೆ ಭಾರತೀಯ ವಿಜ್ಞಾನ ಸಂಸ್ಥೆ, ಈ ಕೊರತೆ ತುಂಬುವ ಕೆಲಸಕ್ಕೆ ಕೈಹಾಕಿದೆ. ಅಲ್ಲಿನ 'ರೆಸ್ಪಿನ್' ಯೋಜನೆಯಲ್ಲಿ ಕನ್ನಡವೂ ಸೇರಿ 9 ಭಾಷೆಗಳಲ್ಲಿ, ಬೇರೆ ಬೇರೆ ಸೀಮೆಯ ಆಡುಮಾತಿನಲ್ಲಿ, ಅದರಲ್ಲೂ ಬೇಸಾಯ ಮತ್ತು ಹಣಕಾಸಿನ ವಿಷಯಗಳ ಮೇಲೆ ಜನರ ದನಿ ಸಂಗ್ರಹಿಸಿದರು. ಗೂಗಲ್ ಜೊತೆ ಸೇರಿ ನಡೆಸುತ್ತಿರುವ 'ವಾಣಿ' ಎಂಬ ಇನ್ನೊಂದು ಯೋಜನೆ ದೇಶದ 773 ಜಿಲ್ಲೆಗಳಿಂದ ಸುಮಾರು 10 ಲಕ್ಷ ಜನರ ಮಾತು ಕೂಡಿಸುವ ಗುರಿಯದು. ಅಲ್ಲಿ ಓದಿಸುವುದಿಲ್ಲ, ಚಿತ್ರ ತೋರಿಸಿ "ಇದರಲ್ಲಿ ಏನಿದೆ ಹೇಳಿ" ಎನ್ನುತ್ತಾರೆ. ಓದುವಾಗ ಪುಸ್ತಕದ ಕನ್ನಡ ಬರುತ್ತದೆ, ಚಿತ್ರ ನೋಡಿ ಹೇಳುವಾಗ ಮನೆಯ ಕನ್ನಡ ಬರುತ್ತದೆ.

ಚಾಮರಾಜನಗರ ಜಿಲ್ಲೆಯ ಹಳ್ಳಿಗಳ ಹೆಣ್ಣುಮಕ್ಕಳು ಇದರಿಂದ ದುಡಿದದ್ದೂ ಉಂಟು. 'ಕಾರ್ಯ' ಎಂಬ ಬೆಂಗಳೂರಿನ ಸಂಸ್ಥೆ ಅವರಿಂದ ಫೋನಿನಲ್ಲಿ ಕನ್ನಡ ವಾಕ್ಯಗಳನ್ನು ಓದಿಸಿ, ಗಂಟೆಗೆ ಸುಮಾರು 5 ಡಾಲರ್, 2023ರ ಲೆಕ್ಕದಲ್ಲಿ 400 ರೂಪಾಯಿಯಷ್ಟು, ಕೊಟ್ಟಿತು. ಗಾರ್ಮೆಂಟ್ಸ್‌ನಲ್ಲಿ ಒಂದಿಡೀ ದಿನ ನಿಂತು ದುಡಿದವರಿಗೆ ಆ ಗಂಟೆಯ ಬೆಲೆ ತಿಳಿಯುತ್ತದೆ. ಆದ್ದರಿಂದ ಯಾರಾದರೂ ಊರಿಗೆ ಬಂದು "ಸುಮ್ಮನೆ ಮಾತಾಡಿ, ರೆಕಾರ್ಡ್ ಮಾಡ್ಕೋತೀವಿ" ಎಂದರೆ, ಯಾತಕ್ಕೆ, ಎಷ್ಟು ಕೊಡುತ್ತೀರಿ ಎಂದು ಕೇಳಿ. ನಮ್ಮ ಮಾತಿಗೂ ಹಾಲಿನ ಹಾಗೆ ಬೆಲೆಯುಂಟು.

ಈಗ ನಿಮ್ಮ ಹಸುವಿನ ಜೀವಕ್ಕೆ ಸಂಬಂಧಪಟ್ಟ ಮಾತು. ಇದನ್ನು ಸ್ವಲ್ಪ ನಿಧಾನವಾಗಿ ಓದಿ.

ಚೆನ್ನಾಗಿ ಹಾಲು ಕೊಡುವ ಎಚ್.ಎಫ್. ಹಸು, ಮೂರನೆಯ ಸೂಲೋ ನಾಲ್ಕನೆಯದೋ. ಕರು ಹಾಕಿ ಒಂದು ದಿನವಾಗಿದೆ. ಬೆಳಗಿನ ಜಾವ ಹೋಗಿ ನೋಡಿದರೆ ಕುಳಿತಿದೆ, ಎಬ್ಬಿಸಿದರೆ ಏಳುತ್ತಿಲ್ಲ. ಕುತ್ತಿಗೆಯನ್ನು ಪಕ್ಕೆಗೆ ತಿರುಗಿಸಿಕೊಂಡಿದೆ, ಮೂತಿ ಒಣಗಿದೆ, ಸಗಣಿ ಹಾಕಿಲ್ಲ. ಗಾಬರಿಯಲ್ಲಿ ನೀವು ಫೋನಿಗೆ "ಹಸುಗೆ ಜ್ವರ, ಎದ್ದೇಳ್ತಿಲ್ಲ" ಎನ್ನುತ್ತೀರಿ. ಫೋನು ಜ್ವರ ಎಂಬ ಪದ ಹಿಡಿದು ಜ್ವರದ ಔಷಧಿ ಹೇಳಬಹುದು.

ಇದು ಹಾಲು ಜ್ವರ. ಹೆಸರಿನಲ್ಲಿ ಜ್ವರವಿದ್ದರೂ ಹಸುವಿನ ಮೈ ತಣ್ಣಗಿರುತ್ತದೆ. ಕಿವಿ ಮುಟ್ಟಿದರೆ ತಣ್ಣಗೆ. ಗಿಣ್ಣಿನ ಜೊತೆ ಮೈಯೊಳಗಿನ ಕ್ಯಾಲ್ಸಿಯಂ ಒಮ್ಮೆಲೇ ಇಳಿದು ಹೋಗಿ ರಕ್ತದಲ್ಲಿ ಅದು ಸಾಲದೆ ಬೀಳುವ ಕಾಯಿಲೆ, ಹೆಚ್ಚಾಗಿ ಕರು ಹಾಕಿದ ಎರಡು ಮೂರು ದಿನದೊಳಗೆ. ಮೂರು ದಿನದ ಜ್ವರ ಬಂದಾಗಲೂ ಹಸು ಕುಂಟುತ್ತದೆ, ಮಲಗುತ್ತದೆ. ಅದರಲ್ಲಿ ಮೈ ನಿಜವಾಗಿ ಸುಡುತ್ತದೆ. ಎರಡಕ್ಕೂ ಚಿಕಿತ್ಸೆ ಬೇರೆ. ಕಿವಿ ಮುಟ್ಟಿ ನೋಡುವ ಕೈ ನಿಮಗಿದೆ, ಫೋನಿಗಿಲ್ಲ.

ಹಾಲು ಜ್ವರಕ್ಕೆ ಡಾಕ್ಟರು ಬಂದು ಕ್ಯಾಲ್ಸಿಯಂ ಅನ್ನು ರಕ್ತನಾಳಕ್ಕೆ ನಿಧಾನವಾಗಿ ಏರಿಸಬೇಕು. ಬೇಗ ಏರಿಸಿದರೆ ಎದೆಬಡಿತವೇ ನಿಲ್ಲಬಹುದು. ಹಾಗಾಗಿ ವಿಡಿಯೋ ನೋಡಿಕೊಂಡು ಅಂಗಡಿಯಿಂದ ಬಾಟಲಿ ತಂದು ಚುಚ್ಚುವುದು ಬೇಡವೇ ಬೇಡ. ಸರಿಯಾದ ಹೊತ್ತಿಗೆ ಚಿಕಿತ್ಸೆ ಸಿಕ್ಕಿದರೆ ಎಷ್ಟೋ ಹಸುಗಳು ಅಂದೇ ಎದ್ದು ನಿಲ್ಲುತ್ತವೆ. ತಡವಾದರೆ ಕಳೆದುಕೊಳ್ಳುತ್ತೇವೆ. ಫೋನಿನ ಜೊತೆ ಮಾತಾಡುತ್ತ, ಒಂದಾದ ಮೇಲೊಂದು ವಿಡಿಯೋ ನೋಡುತ್ತ ಕಳೆದ ಎರಡು ಗಂಟೆ ಹಸುವಿನ ಲೆಕ್ಕದಿಂದಲೇ ಹೋಗುತ್ತದೆ.

ಡಾಕ್ಟರು ಬರುವವರೆಗೆ ಹಸುವನ್ನು ಎದೆಯ ಮೇಲೆ ಕೂರುವಂತೆ ಮಾಡಿ, ಎರಡೂ ಪಕ್ಕಕ್ಕೆ ಹುಲ್ಲು ತುಂಬಿದ ಚೀಲ ಒತ್ತರಿಸಿ. ಮಗ್ಗುಲಿಗೆ ಪೂರ್ತಿ ಬಿದ್ದರೆ ಹೊಟ್ಟೆ ಉಬ್ಬರಿಸುತ್ತದೆ. ಬಾಯಿಗೆ ಬೆಲ್ಲದ ನೀರು, ಎಣ್ಣೆ, ಕಷಾಯ ಏನನ್ನೂ ಹುಯ್ಯಬೇಡಿ. ನುಂಗುವ ಶಕ್ತಿ ಇರುವುದಿಲ್ಲ, ಶ್ವಾಸಕೋಶಕ್ಕೆ ಇಳಿಯುತ್ತದೆ.

ಕೆಚ್ಚಲು ಬಾವಿನಲ್ಲೂ ಇದೇ ಎಚ್ಚರ. ಫೋನು ಹೇಳಿದ ಆಂಟಿಬಯೋಟಿಕ್ ಟ್ಯೂಬನ್ನು ನೀವೇ ತಂದು ಹಾಕಿದರೆ ರೋಗಕ್ಕೆ ಸರಿಹೊಂದುತ್ತದೋ ಇಲ್ಲವೋ, ಔಷಧಿ ಮಾತ್ರ ಹಾಲಿಗೆ ಬರುತ್ತದೆ. ಎಷ್ಟು ದಿನ ಸಂಘಕ್ಕೆ ಹಾಲು ಹಾಕುವಂತಿಲ್ಲ ಎಂದು ಹೇಳಬೇಕಾದವರು ಡಾಕ್ಟರು.

ಹಾಗಾದರೆ ಮೊದಲು ಯಾರಿಗೆ ಹೇಳಬೇಕು? 1962ಕ್ಕೆ ಕರೆ ಮಾಡಿ, ದುಡ್ಡಿಲ್ಲದ ಕರೆ, ಸಂಚಾರಿ ಪಶು ಚಿಕಿತ್ಸಾ ವಾಹನಕ್ಕಾಗಿ ಇರುವ ನಂಬರು. ಜೊತೆಗೇ ಸಂಘದ ಕಾರ್ಯದರ್ಶಿಗೂ ತಿಳಿಸಿ. ನಿಮಗೆ ಪರಿಚಯದ ಡಾಕ್ಟರಿದ್ದರೆ ವಾಟ್ಸಾಪಿನಲ್ಲಿ ಹಸುವಿನ ಅರ್ಧ ನಿಮಿಷದ ವಿಡಿಯೋ, ಅದರ ಕೆಳಗೆ ನಿಮ್ಮ ದನಿಯಲ್ಲಿ ವಿವರ ಕಳಿಸಿ: ಯಾವತ್ತು ಕರು ಹಾಕಿತು, ಎಷ್ಟನೆಯ ಸೂಲು, ಕಿವಿ ತಣ್ಣಗಿದೆಯೋ ಬಿಸಿಯೋ. ಇದೂ ದನಿಯ ಬಳಕೆಯೇ, ಆ ಕಡೆ ಕೇಳುವವರು ಮನುಷ್ಯರು ಅಷ್ಟೇ. ಅವಸರವಿಲ್ಲದ ಬೇಸಾಯದ ಪ್ರಶ್ನೆಗಳಿಗೆ 2004ರಿಂದ ನಡೆಯುತ್ತಿರುವ ಕಿಸಾನ್ ಕಾಲ್ ಸೆಂಟರ್ ಇದೆ, 1800-180-1551. ಬೆಳಗ್ಗೆ 6ರಿಂದ ರಾತ್ರಿ 10ರವರೆಗೆ ಕನ್ನಡದಲ್ಲೇ ಮಾತಾಡುತ್ತಾರೆ. ಸ್ಮಾರ್ಟ್‌ಫೋನೂ ಬೇಕಿಲ್ಲ, ಗುಂಡಿ ಫೋನು ಸಾಕು.

ದುಡ್ಡಿನ ಬಗ್ಗೆ ಎರಡು ಮಾತು. "ಬ್ಯಾಂಕಿನ ಕಸ್ಟಮರ್ ಕೇರ್ ನಂಬರ್ ಕೊಡು" ಎಂದು ಫೋನನ್ನು ಕೇಳಬೇಡಿ. ಮೋಸಗಾರರು ಇಂಟರ್ನೆಟ್ಟಿನಲ್ಲಿ ಬ್ಯಾಂಕಿನ ಹೆಸರಿಗೆ ತಮ್ಮ ನಂಬರು ಅಂಟಿಸಿರುತ್ತಾರೆ. ನಂಬರು ಪಾಸ್‌ಬುಕ್ಕಿನ ಮೇಲಿರುತ್ತದೆ. ಪಿನ್, ಒಟಿಪಿಗಳನ್ನು ಯಾರಿಗೂ, ಯಾವ ಯಂತ್ರಕ್ಕೂ ಬಾಯಿಬಿಟ್ಟು ಹೇಳಬೇಡಿ. ದುಡ್ಡು ಹೋಯಿತೆಂದು ಗೊತ್ತಾದ ಕೂಡಲೇ 1930ಕ್ಕೆ ಕರೆ ಮಾಡಿ. ಎಷ್ಟು ಬೇಗ ಮಾಡುತ್ತೀರೋ ತಡೆಹಿಡಿಯುವ ಅವಕಾಶ ಅಷ್ಟು ಹೆಚ್ಚು. ನಾಚಿಕೊಂಡು ಸಂಜೆಯವರೆಗೆ ಮನೆಯವರಿಂದ ಮುಚ್ಚಿಡುವುದರಲ್ಲೇ ಹೆಚ್ಚಿನವರು ಸೋಲುತ್ತಾರೆ.

ಕೊನೆಗೆ ಒಂದು ಕೆಲಸ, ಇವತ್ತೇ ಮಾಡಿ, ಹಸು ಚೆನ್ನಾಗಿರುವಾಗಲೇ. ಫೋನಿನಲ್ಲಿ 1962 ಅನ್ನು 'ಹಸು ಗಾಡಿ' ಎಂದು, ಡಾಕ್ಟರ ನಂಬರನ್ನು 'ಹಸು ಡಾಕ್ಟರು' ಎಂದು ಸೇವ್ ಮಾಡಿ. ಉದ್ದ ಹೆಸರು, ಇಂಗ್ಲಿಷ್ ಡಿಗ್ರಿ ಬೇಡ; ಫೋನು ಅವನ್ನು ಸರಿಯಾಗಿ ಹಿಡಿಯುವುದಿಲ್ಲ. ಆಮೇಲೆ ಮೈಕ್ ಒತ್ತಿ "ಹಸು ಡಾಕ್ಟರಿಗೆ ಫೋನ್ ಮಾಡು" ಎಂದು ಹೇಳಿ ನೋಡಿ. ಮೊದಲ ಸಲ ಆಗದಿದ್ದರೆ ಫೋನಿನ ಧ್ವನಿ ಸೆಟ್ಟಿಂಗ್‌ನಲ್ಲಿ ಕನ್ನಡ ಆರಿಸಿದ್ದೀರಾ ನೋಡಿ. ಲಾಕ್ ಆಗಿದ್ದಾಗ ಕೆಲವು ಫೋನುಗಳು ಮಾತು ಕೇಳುವುದಿಲ್ಲ, ಅದನ್ನೂ ಪರೀಕ್ಷಿಸಿ. ಕೊಟ್ಟಿಗೆಯಲ್ಲಿ ನಿಂತೇ ಮಾಡಿ ನೋಡಿ, ಅಲ್ಲಿ ನೆಟ್‌ವರ್ಕ್ ಸಿಗುತ್ತದೆಯೇ ಎಂಬುದೂ ಗೊತ್ತಾಗುತ್ತದೆ. ಡಾಕ್ಟರು ಫೋನ್ ಎತ್ತಿದರೆ, ಪರೀಕ್ಷೆ ಮಾಡ್ತಿದ್ದೆ ಸಾರ್ ಎಂದು ಹೇಳಿ ಇಟ್ಟುಬಿಡಿ.