ಕಾರಿನ ರಿಪೇರಿ ಕೈಪಿಡಿ: ಮಾಲೀಕನಿಗೆ ಸಿಗದ ಪುಸ್ತಕ

ಚಾಮರಾಜನಗರ ಮತ್ತು ಗುಂಡ್ಲುಪೇಟೆಗಳ ನಡುವಿನ ಹರವೆಯಂಥ ಹೋಬಳಿ ಕೇಂದ್ರದಲ್ಲಿ ಕಾರು ಕೆಟ್ಟು ನಿಂತರೆ ಮಾಲೀಕನ ಮುಂದಿರುವ ದಾರಿಗಳು ಹೆಚ್ಚಿಲ್ಲ. ಊರಿನ ಮೆಕ್ಯಾನಿಕ್‌ನನ್ನು ಕರೆಸಬೇಕು, ಇಲ್ಲವೇ ಬಂಡಿಯನ್ನು ತಾಲ್ಲೂಕು ಕೇಂದ್ರಕ್ಕೆ ಎಳೆಸಿಕೊಂಡು ಹೋಗಬೇಕು. ಕೆಲವು ಕಂಪನಿಗಳ ಕಾರಾದರೆ ಅಧಿಕೃತ ಸರ್ವೀಸ್ ಕೇಂದ್ರವನ್ನು ಹುಡುಕಿಕೊಂಡು ಸುಮಾರು 60 ಕಿ.ಮೀ. ದೂರದ ಮೈಸೂರಿನವರೆಗೂ ಹೋಗಬೇಕಾದೀತು. ಪಂಪ್‌ಸೆಟ್, ಟ್ರ್ಯಾಕ್ಟರ್‌ಗಳನ್ನು ತಾವೇ ಬಿಚ್ಚಿ ಜೋಡಿಸಿ ರೂಢಿಯಿರುವ ಮನೆಗಳಲ್ಲಿ ಕಾರಿನ ಸಣ್ಣಪುಟ್ಟ ಕೆಲಸವನ್ನೂ ಮಾಡಿಕೊಳ್ಳುವ ಉತ್ಸಾಹ ಇದ್ದೇ ಇರುತ್ತದೆ. ಸ್ಪ್ಯಾನರ್ ಇರುತ್ತದೆ, ಕೈಚಳಕವೂ ಇರುತ್ತದೆ. ಇಲ್ಲದಿರುವುದು ಆ ಕಾರಿನ ಪುಸ್ತಕ.

ಇಲ್ಲಿ ಎರಡು ಬಗೆಯ ಪುಸ್ತಕಗಳ ವ್ಯತ್ಯಾಸವನ್ನು ಅರಿಯಬೇಕು. ಕಾರು ಕೊಂಡಾಗ ಡ್ಯಾಶ್‌ಬೋರ್ಡಿನ ಪೆಟ್ಟಿಗೆಯಲ್ಲಿ ಬರುವುದು ಮಾಲೀಕರ ಕೈಪಿಡಿ. ಯಾವ ದರ್ಜೆಯ ಎಂಜಿನ್ ಆಯಿಲ್, ಟೈರಿಗೆ ಎಷ್ಟು ಗಾಳಿ, ಯಾವ ಫ್ಯೂಸ್ ಎಲ್ಲಿದೆ, ಚಕ್ರ ಬದಲಿಸುವಾಗ ಜಾಕ್ ಎಲ್ಲಿ ಕೊಡಬೇಕು ಎಂಬಿಷ್ಟು ಅದರಲ್ಲಿರುತ್ತದೆ. ಬಹುತೇಕ ಮಾಲೀಕರು ಇದನ್ನೇ ಓದಿರುವುದಿಲ್ಲ ಎಂಬುದು ಬೇರೆ ಮಾತು. ವರ್ಕ್‌ಶಾಪ್ ಕೈಪಿಡಿ ಇದಕ್ಕಿಂತ ಭಿನ್ನ. ಯಾವ ಬೋಲ್ಟನ್ನು ಎಷ್ಟು ನ್ಯೂಟನ್-ಮೀಟರ್ ಬಲದಿಂದ, ಯಾವ ಅನುಕ್ರಮದಲ್ಲಿ ಬಿಗಿಯಬೇಕು, ವಾಲ್ವಿನ ಅಂತರ ಎಷ್ಟಿರಬೇಕು, ಯಾವ ಬಣ್ಣದ ತಂತಿ ಎಲ್ಲಿಂದ ಎಲ್ಲಿಗೆ ಹೋಗುತ್ತದೆ ಎಂಬುದೆಲ್ಲ ಇರುವುದು ಅದರಲ್ಲಿ. ಅಲ್ಯೂಮಿನಿಯಂ ಸಿಲಿಂಡರ್ ಹೆಡ್ಡನ್ನು ಅಂದಾಜಿನ ಮೇಲೆ ಬಿಗಿದರೆ ಅದು ಸೊಟ್ಟಗಾಗಿ ಗ್ಯಾಸ್ಕೆಟ್ ಸೋರತೊಡಗುತ್ತದೆ. ಒಂದು ಅಂಕಿಯ ಬೆಲೆ ಸಾವಿರಾರು ರೂಪಾಯಿ.

ಬ್ರಿಟನ್ನಿನಲ್ಲಿ ಈ ಕೊರತೆಯನ್ನು ತುಂಬಿದವರು ಜಾನ್ ಹೇಯ್ನ್ಸ್. ಆಸ್ಟಿನ್-ಹೀಲಿ ಸ್ಪ್ರೈಟ್ ಕಾರಿನ ಕುರಿತ ಅವರ ಮೊದಲ ಕೈಪಿಡಿ 1966ರಲ್ಲಿ ಹೊರಬಂತು. ಕಾರನ್ನು ಪೂರ್ತಿ ಬಿಚ್ಚಿ, ಮರಳಿ ಜೋಡಿಸಿ, ಪ್ರತಿ ಹಂತದ ಚಿತ್ರ ತೆಗೆದು ಪುಸ್ತಕ ಮಾಡುವುದು ಅವರ ಪದ್ಧತಿ. ಹೊಸ ಮಾದರಿಗಳಿಗೆ ಅಚ್ಚಿನ ಕೈಪಿಡಿ ತರುವುದನ್ನು ಆ ಸಂಸ್ಥೆ 2020ರಲ್ಲಿ ನಿಲ್ಲಿಸಿತು. ನಮ್ಮಲ್ಲಿ ಅಂಥ ಪರಂಪರೆ ಬೆಳೆಯಲೇ ಇಲ್ಲ. ಅಂಬಾಸಿಡರ್, ಪದ್ಮಿನಿಗಳ ಕಾಲದಲ್ಲಿ ವಿದ್ಯೆ ಗುರುವಿನಿಂದ ಶಿಷ್ಯನಿಗೆ ಗ್ಯಾರೇಜಿನಲ್ಲೇ ಹರಿದು ಬಂತು; 1983ರಲ್ಲಿ ಬಂದ ಮಾರುತಿ 800 ಕೂಡ ಕಾರ್ಬ್ಯುರೇಟರ್ ಇರುವವರೆಗೆ ಆ ವಿದ್ಯೆಗೆ ದಕ್ಕಿತು. ಕಾರಿನೊಳಗೆ ಕಂಪ್ಯೂಟರ್ ಕುಳಿತ ಮೇಲೆ ಕಿವಿ, ಮೂಗುಗಳ ಅನುಭವವಷ್ಟೇ ಸಾಲದಾಯಿತು.

ಪುಸ್ತಕ ಏಕೆ ಸಿಗುವುದಿಲ್ಲ ಎಂಬ ಪ್ರಶ್ನೆ 2011ರಲ್ಲಿ ಭಾರತೀಯ ಸ್ಪರ್ಧಾ ಆಯೋಗದ ಮುಂದೆ ಬಂತು. ಬಿಡಿಭಾಗ, ದೋಷ ಪತ್ತೆ ಉಪಕರಣ ಮತ್ತು ತಾಂತ್ರಿಕ ಕೈಪಿಡಿಗಳನ್ನು ಕಂಪನಿಗಳು ಅಧಿಕೃತ ಡೀಲರ್‌ಗಳಿಗಷ್ಟೇ ಮೀಸಲಿಟ್ಟಿವೆ ಎಂಬುದು ದೂರು. ಸುರಕ್ಷತೆ ಹಾಗೂ ಬೌದ್ಧಿಕ ಸ್ವತ್ತಿನ ಹಕ್ಕು ಕಂಪನಿಗಳ ಸಮರ್ಥನೆಯಾಗಿತ್ತು. 2014ರ ಆಗಸ್ಟ್ 25ರಂದು ಆಯೋಗವು 14 ಕಂಪನಿಗಳಿಗೆ ಒಟ್ಟು 2,544.65 ಕೋಟಿ ರೂ. ದಂಡ ವಿಧಿಸಿತು. ಬಿಡಿಭಾಗ ಮತ್ತು ಉಪಕರಣಗಳು ಸ್ವತಂತ್ರ ಗ್ಯಾರೇಜುಗಳಿಗೂ ದೊರೆಯಬೇಕು, ತಾಂತ್ರಿಕ ಮಾಹಿತಿಯನ್ನು ಸಾರ್ವಜನಿಕವಾಗಿ ಪ್ರಕಟಿಸಬೇಕು, ಹೊರಗೆ ರಿಪೇರಿ ಮಾಡಿಸಿದ ಒಂದೇ ಕಾರಣಕ್ಕೆ ವಾರಂಟಿಯನ್ನು ಸಾರಾಸಗಟಾಗಿ ರದ್ದುಪಡಿಸಬಾರದು ಎಂದೂ ಆದೇಶಿಸಿತು. ಪ್ರಕರಣ ಮೇಲ್ಮನವಿಗಳ ಹಾದಿ ಹಿಡಿಯಿತು. ಆದೇಶದ ಲಾಭ ಹಳ್ಳಿಯ ಗ್ಯಾರೇಜಿಗೆ ತಲುಪಿದ್ದು ಅಷ್ಟಕ್ಕಷ್ಟೆ. ಐರೋಪ್ಯ ಒಕ್ಕೂಟದಲ್ಲಾದರೋ 2007ರ ನಿಯಮವೇ ರಿಪೇರಿ ಮಾಹಿತಿಯನ್ನು ಸ್ವತಂತ್ರ ಗ್ಯಾರೇಜಿಗೂ ತೆರೆದಿಡಬೇಕೆಂದು ಹೇಳಿದ್ದರಿಂದ, ಗಂಟೆ ಅಥವಾ ದಿನದ ಲೆಕ್ಕದಲ್ಲಿ ಶುಲ್ಕ ಕಟ್ಟಿ ಅದನ್ನು ಓದಬಹುದು.

ಕೇಂದ್ರ ಗ್ರಾಹಕ ವ್ಯವಹಾರಗಳ ಇಲಾಖೆ 2022ರ ಜುಲೈನಲ್ಲಿ 'ರಿಪೇರಿ ಹಕ್ಕಿ'ನ ಬಗ್ಗೆ ಸಮಿತಿ ರಚಿಸಿ, ಅದೇ ಡಿಸೆಂಬರ್ 24ರ ರಾಷ್ಟ್ರೀಯ ಗ್ರಾಹಕ ದಿನದಂದು ಪೋರ್ಟಲ್ ಆರಂಭಿಸಿತು. ಅದರ ನಾಲ್ಕು ವಲಯಗಳಲ್ಲಿ ಕೃಷಿ ಉಪಕರಣದ ಜೊತೆಗೆ ವಾಹನವೂ ಸೇರಿದೆ. ಹುಡುಕಾಟವನ್ನು ಇಲ್ಲಿಂದ ಆರಂಭಿಸಬಹುದು; ಪೂರ್ಣ ವರ್ಕ್‌ಶಾಪ್ ಕೈಪಿಡಿಯೇ ಕೈಗೆ ಬಂದೀತೆಂಬ ಭರವಸೆ ಮಾತ್ರ ಬೇಡ.

ಹುಡುಕುವ ಮೊದಲು ಚಾಸಿ ಸಂಖ್ಯೆ, ತಯಾರಾದ ವರ್ಷ, ಎಂಜಿನ್ನಿನ ಬಗೆ ಇವನ್ನು ಬರೆದಿಟ್ಟುಕೊಳ್ಳಬೇಕು. ಒಂದೇ ಹೆಸರಿನ ಕಾರು ಬೇರೆ ದೇಶದಲ್ಲಿ ಬೇರೆಯೇ ಆಗಿರುತ್ತದೆ. ಭಾರತದಲ್ಲಿ 2020ರವರೆಗೆ ಮಾರಾಟವಾದ ಸ್ವಿಫ್ಟ್ ಡೀಸೆಲ್‌ನಲ್ಲಿದ್ದುದು ಫಿಯೆಟ್ ಮೂಲದ 1.3 ಲೀಟರ್ ಎಂಜಿನ್. ಜಪಾನಿನ ಸ್ವಿಫ್ಟ್ ಪುಸ್ತಕವನ್ನು ಮುಂದಿಟ್ಟುಕೊಂಡು ಅದನ್ನು ಬಿಚ್ಚಿದವನ ಗತಿ ಹೇಳುವುದೇ ಬೇಡ. ಮೂಲ ತತ್ತ್ವಗಳನ್ನು ಕಲಿಯಲು ಐಟಿಐಗಳ ಮೋಟಾರು ವಾಹನ ಮೆಕ್ಯಾನಿಕ್ ಪಠ್ಯಗಳಷ್ಟು ಉತ್ತಮ ಆಕರ ಮತ್ತೊಂದಿಲ್ಲ. ಚೆನ್ನೈನ ರಾಷ್ಟ್ರೀಯ ಬೋಧನಾ ಮಾಧ್ಯಮ ಸಂಸ್ಥೆ ಪ್ರಕಟಿಸುವ ಇವು 'ಭಾರತ್ ಸ್ಕಿಲ್ಸ್' ತಾಣದಲ್ಲಿ ಉಚಿತವಾಗಿ ದೊರೆಯುತ್ತವೆ. ಇವು ಯಾವುದೇ ಒಂದು ಮಾದರಿಯ ಅಂಕಿಗಳನ್ನು ಕೊಡವು. ಆದರೆ ಬ್ರೇಕ್ ಹೇಗೆ ಕೆಲಸ ಮಾಡುತ್ತದೆ ಎಂದು ತಿಳಿಯದವನಿಗೆ ಅಂಕಿ ಸಿಕ್ಕಿಯೂ ಪ್ರಯೋಜನವಿಲ್ಲ.

ಇನ್ನೊಂದು ನೆರವು ಸ್ಟಿಯರಿಂಗ್ ಕೆಳಗಿನ ಓಬಿಡಿ ಸಾಕೆಟ್. ಬಿಎಸ್-4 ಕಾರುಗಳಿಗೆ 2013ರ ಏಪ್ರಿಲ್‌ನಿಂದ ಓಬಿಡಿ-2 ಕಡ್ಡಾಯವಾಯಿತು. ಅಗ್ಗದ ರೀಡರ್ ಸಿಕ್ಕಿಸಿದರೆ ಮೊಬೈಲಿನಲ್ಲೇ ದೋಷಸಂಕೇತ ಕಾಣುತ್ತದೆ. 'ಪಿ0171' ಎಂದು ಬಂದರೆ ಎಂಜಿನ್ನಿಗೆ ಇಂಧನಕ್ಕಿಂತ ಗಾಳಿ ಹೆಚ್ಚಾಗಿದೆ ಎಂದರ್ಥ. ಗಾಳಿಯ ಕೊಳವೆ ಸೀಳಿರಬಹುದು, ಸಂವೇದಕಕ್ಕೆ ಧೂಳು ಕೂತಿರಬಹುದು, ಇಂಧನ ಪಂಪ್ ಸೊರಗಿರಬಹುದು. ಸಂಕೇತವು ಲಕ್ಷಣವನ್ನು ಹೇಳುತ್ತದೆಯೇ ಹೊರತು ಕೆಟ್ಟ ಭಾಗವನ್ನಲ್ಲ. ಕಾರಣವನ್ನು ಒಂದೊಂದಾಗಿ ಪರೀಕ್ಷಿಸುವ ಕ್ರಮ ಇರುವುದು ಮತ್ತೆ ಆ ವರ್ಕ್‌ಶಾಪ್ ಕೈಪಿಡಿಯಲ್ಲೇ. 'ಪಿ1'ರಿಂದ ಆರಂಭವಾಗುವ ಸಂಕೇತಗಳ ಅರ್ಥವನ್ನಂತೂ ಆಯಾ ಕಂಪನಿಯೇ ನಿಗದಿಪಡಿಸುತ್ತದೆ.

ಏರ್ ಫಿಲ್ಟರ್, ವೈಪರ್, ಬಲ್ಬು, ಫ್ಯೂಸ್, ಬ್ಯಾಟರಿ ಇವು ಮನೆಯ ಅಂಗಳದ ಕೆಲಸಗಳು. ಆಯಿಲ್ ಬದಲಾವಣೆಯೂ ಸಾಧ್ಯ. ಆದರೆ ಬರೀ ಜಾಕಿನ ಮೇಲೆ ನಿಂತ ಕಾರಿನ ಕೆಳಗೆ ತೂರಬಾರದು, ಸ್ಟ್ಯಾಂಡ್ ಇರಲೇಬೇಕು. ಏರ್‌ಬ್ಯಾಗ್ ತಂತಿ, ವಿದ್ಯುತ್ ಕಾರುಗಳ ಕಿತ್ತಳೆ ಬಣ್ಣದ ಕೇಬಲ್‌ಗಳ ತಂಟೆಗೆ ಹೋಗಲೇಬಾರದು. ವಾರಂಟಿ ಉಳಿದಿದ್ದರೆ, ಮಾಲೀಕನ ಕೈಯಿಂದಾದ ಹಾನಿಗೆ ಕಂಪನಿ ಹೊಣೆಯಾಗದು ಎಂಬುದೂ ನೆನಪಿರಲಿ.

ಸ್ಪ್ಯಾನರ್ ಹಿಡಿಯದವನಿಗೂ ಕೈಪಿಡಿಯಿಂದ ಒಂದು ಉಪಯೋಗವಿದೆ. ಯಾವ ಭಾಗವನ್ನು ಎಷ್ಟು ಕಿ.ಮೀ.ಗೆ ಬದಲಿಸಬೇಕೆಂಬ ಪಟ್ಟಿ ಮಾಲೀಕರ ಕೈಪಿಡಿಯ ಕೊನೆಯ ಪುಟಗಳಲ್ಲೇ ಸಾಮಾನ್ಯವಾಗಿ ಸಿಗುತ್ತದೆ. ಸರ್ವೀಸ್ ಬಿಲ್ಲನ್ನು ಅದರ ಪಕ್ಕದಲ್ಲಿಟ್ಟು ಓದಲು ಹತ್ತು ನಿಮಿಷ ಸಾಕು.