ಮನೆ ಕಟ್ಟಿದ ಕಲಾವಿದ

ಪುಷ್ಯಮಾಸದಲ್ಲಿ ಬಾದಾಮಿಯ ಬನಶಂಕರಿ ಜಾತ್ರೆಗೆ ನಾಟಕ ಕಂಪನಿಗಳು ಬಂದು ಬೀಡುಬಿಡುತ್ತವೆ. ಬಾಗಲಕೋಟೆ, ಹುನಗುಂದ, ಇಳಕಲ್ಲಿನ ರಸಿಕರಿಗೆ ಅಲ್ಲಿಯ ಪರದೆಗಳು ಚಿರಪರಿಚಿತ: ಅರಮನೆಯದೊಂದು, ಬೀದಿಯದೊಂದು, ಕಾಡಿನದೊಂದು. ಪರದೆ ಮೇಲೇರಿತೆಂದರೆ ಅರಮನೆ ಹೋಗಿ ಅರಣ್ಯ ಬಂತು; ಪ್ರೇಕ್ಷಕನ ತಕರಾರಿಲ್ಲ. ಕ್ಯಾಮರಾದ ಕಣ್ಣು ಅಷ್ಟು ಉದಾರವಾದುದಲ್ಲ. ಬಣ್ಣ ಬಳಿದ ಬಟ್ಟೆಯನ್ನು ಅದು ಬಟ್ಟೆಯೆಂದೇ ತೋರಿಸಿಬಿಡುತ್ತದೆ. ಆದುದರಿಂದಲೇ ಚಲಚ್ಚಿತ್ರಕ್ಕೆ ಕಲಾನಿರ್ದೇಶಕನೆಂಬ ಬೇರೊಬ್ಬನು ಬೇಕಾದನು. ನಟನ ಹೆಸರು ಮನೆಮಾತಾಗುತ್ತದೆ. ಈತನ ಹೆಸರು ನಾವು ಓದಿ ಮುಗಿಸುವ ಮೊದಲೇ ತೆರೆಯಿಂದ ಮರೆಯಾಗುತ್ತದೆ.

ಸೋವಿಯತ್ ಚಿತ್ರಗಳಲ್ಲಿ ಈತನನ್ನು ಕರೆಯುವ ಮಾತಿಗೆ ‘ಕಲಾವಿದ’ ಎಂದೇ ಅರ್ಥ. ಐಸೆನ್‌ಸ್ಟೈನನ ‘ಅಲೆಕ್ಸಾಂಡರ್ ನೆವ್‌ಸ್ಕಿ’ಯಲ್ಲಿ (1938) ಹೆಪ್ಪುಗಟ್ಟಿದ ಸರೋವರದ ಮೇಲೆ ನಡೆಯುವ ಕಾಳಗವನ್ನು ಚಿತ್ರೀಕರಿಸಿದ್ದು ಮಾಸ್ಕೋದ ಬೇಸಿಗೆಯಲ್ಲಿ, ಕೃತಕ ಹಿಮದ ಮೇಲೆ! ಅದರ ಕಲಾವಿದರಲ್ಲೊಬ್ಬನಾದ ಷ್ಪಿನೆಲ್‌ನ ಹೆಸರನ್ನು ನಮ್ಮಲ್ಲಿ ಬಲ್ಲವರೆಷ್ಟು ಮಂದಿ?

ಷ್ಪಿನೆಲ್ ಇರಲಿ, ನಮ್ಮವರೇ ಆದ ಎಂ. ಎಸ್. ಸತ್ಯು ಅವರನ್ನು ಕಲಾನಿರ್ದೇಶಕರೆಂದು ನೆನೆಯುವವರೂ ವಿರಳ. 1930ರಲ್ಲಿ ಮೈಸೂರಿನಲ್ಲಿ ಜನಿಸಿದ ಅವರು 1952ರಲ್ಲಿ ಕಾಲೇಜು ಬಿಟ್ಟರು. ಚಲಿಸುವ ಚಿತ್ರಗಳನ್ನು ಬಿಡಿಸುತ್ತ ಕೆಲಕಾಲ ಕಳೆದರು. ಹೆಚ್ಚುಕಡಿಮೆ ನಾಲ್ಕು ವರ್ಷ ಕೆಲಸವೇ ಇರಲಿಲ್ಲ. ಬಳಿಕ ಚೇತನ್ ಆನಂದರ ಸಹಾಯಕರಾದರು. ದಿಲ್ಲಿಯ ಹಿಂದೂಸ್ತಾನಿ ಥಿಯೇಟರಿನಲ್ಲಿ ರಂಗಸಜ್ಜಿಕೆಯನ್ನೂ ಮಾಡಿದರು. 1962ರ ಯುದ್ಧವನ್ನು ಕುರಿತ ಚೇತನ್ ಆನಂದರ ‘ಹಕೀಕತ್’ (1964) ಚಿತ್ರದ ಕಲಾನಿರ್ದೇಶನಕ್ಕಾಗಿ ಫಿಲ್ಮ್‌ಫೇರ್ ಪ್ರಶಸ್ತಿ ಬಂದುದು ಇವರಿಗೇ. ಷ್ಪಿನೆಲ್‌ನಿಗೆ ಹಿಮವೇ ಇರಲಿಲ್ಲ. ಇವರಿಗೆ ಲಡಾಖಿನ ಪರ್ವತಗಳೇ ಎದುರಿಗಿದ್ದವು. ಇದ್ದುದರ ಪಕ್ಕದಲ್ಲಿ ಕಟ್ಟಿದ್ದು ಸುಳ್ಳೆನಿಸದಂತೆ ನೋಡಿಕೊಳ್ಳುವುದು ಇಲ್ಲದ್ದನ್ನು ಕಟ್ಟುವುದಕ್ಕಿಂತ ಸುಲಭವೇನಲ್ಲ.

ಸತ್ಯು ಅವರ ಈ ಕಣ್ಣು ಪೂರ್ತಿ ತೆರೆದುದು ಮಾತ್ರ ಅವರೇ ನಿರ್ದೇಶಿಸಿದ ‘ಗರ್ಮ್ ಹವಾ’ದಲ್ಲಿ (1973) ಎಂದು ನನ್ನ ಅಭಿಪ್ರಾಯ. ಇಸ್ಮತ್ ಚುಗ್ತಾಯಿಯವರ ಕಥೆ; ಕೈಫಿ ಆಜ್ಮಿ, ಶಮಾ ಜೈದಿಯವರ ಚಿತ್ರಕಥೆ. ಫಿಲ್ಮ್ ಫೈನಾನ್ಸ್ ಕಾರ್ಪೊರೇಶನ್ ಕೊಟ್ಟುದು ಎರಡೂವರೆ ಲಕ್ಷ ರೂಪಾಯಿ. ಆ ಹಣದಲ್ಲಿ ಸ್ಟುಡಿಯೋದ ವೈಭವವೆಲ್ಲಿಯದು? ಚಿತ್ರ ಆಗ್ರಾದ ಹಳೆಯ ಹವೇಲಿಯೊಂದನ್ನು ಹೊಕ್ಕಿತು. ದೇಶವಿಭಜನೆಯಲ್ಲಿ ಮನೆ ಕಳೆದುಕೊಳ್ಳುವ ಮುಸ್ಲಿಂ ಕುಟುಂಬವೊಂದರ ಕಥೆಯಿದು. ಅಂಗಳ, ಮಾಳಿಗೆಯ ಮೆಟ್ಟಿಲು, ಜಾಳಂದ್ರ, ಇವೆಲ್ಲ ಹಿನ್ನೆಲೆಯಾಗಿ ಉಳಿಯದೆ ಪಾತ್ರಗಳೇ ಆಗುತ್ತವೆ. ಮನೆ ಬಿಡಬೇಕಾದ ದಿನ ವೃದ್ಧ ತಾಯಿ ಸೌದೆಯ ಕೋಣೆಯಲ್ಲಿ ಅಡಗಿ ಕೂಡುತ್ತಾಳೆ. ಆ ಇಕ್ಕಟ್ಟಾದ ಕತ್ತಲೆಯೊಳಗೆ ಅವಳ ಇಡೀ ಬಾಳ್ವೆ ಮುದುಡಿ ಕುಳಿತಂತಿದೆ. ಯಾವ ಸಂಭಾಷಣೆಯೂ ಅದನ್ನು ಹೇಳಲಾರದು.

ಬಲರಾಜ್ ಸಾಹನಿಯವರ ಅಭಿನಯವನ್ನು ಎಲ್ಲರೂ ಹೊಗಳುತ್ತಾರೆ, ಹೊಗಳಲೇಬೇಕು. ಆದರೆ ವಿದ್ಯಾರ್ಥಿಗಳು ಚಿತ್ರವನ್ನು ಮತ್ತೊಮ್ಮೆ ನೋಡುವಾಗ ನಟರನ್ನು ಬಿಟ್ಟು ಆ ಗೋಡೆಗಳನ್ನಷ್ಟೇ ನೋಡಲಿ. ಕೊನೆಗಾಲದಲ್ಲಿ ಮುದುಕಿಯನ್ನು ಡೋಲಿಯಲ್ಲಿ ಹೊತ್ತು ಅದೇ ಹವೇಲಿಗೆ ಮರಳಿ ತರುತ್ತಾರೆ. ಆಗ ಮನೆ ಪರರದಾಗಿರುತ್ತದೆ.